ದೀಪದೆಣ್ಣೆ ನೆಕ್ಕಿದ ಬೆಕ್ಕು

೧೯೫೨ರ ಫೆಬ್ರವರಿಯ ಒಂದು ಸೋಮವಾರ ಮಧ್ಯಾಹ್ನ, ಟೆಂಟ್ ಸಿನಿಮಾದ ಮಾಲೀಕ ಕಲ್ಲೇಶಪ್ಪ ಏದುಸಿರು ಬಿಡುತ್ತಾ ದಾವಣಗೆರೆ ಠಾಣೆಗೆ ಬಂದ. ಬುಧವಾರ ಹರಿಹರದಲ್ಲಿ ತೋರಿಸಬೇಕಿದ್ದ ಜಪಾನಿನ ಹಳೆಯ ಮೂಕಿಚಿತ್ರವನ್ನು ಯಾರೋ ಸುಟ್ಟುಹಾಕಿದ್ದರು. ಇನ್‌ಸ್ಪೆಕ್ಟರ್ ಬಕ್ಕೇಶಪ್ಪ ಎಫ್‌ಐಆರ್ ದಾಖಲಿಸಿ, ಕಾನ್‌ಸ್ಟೇಬಲ್ ಗುತ್ತೆಪ್ಪನೊಂದಿಗೆ ಡೇರೆಗೆ ಹೋದರು.

ಪಂಚನಾಮೆ ಬರೆಸುವಾಗ ಅವರಿಗೆ ಒಂದು ವಿಷಯ ವಿಚಿತ್ರವೆನಿಸಿತು. ಬೆಕ್ಕಿನ ಚಿತ್ರ ಅಂಟಿಸಿದ್ದ ಡಬ್ಬಿಗಳನ್ನಷ್ಟೇ ಆರಿಸಿ, ಡೇರೆಗೆ ಕಿಡಿ ತಾಗದಷ್ಟು ದೂರ ಒಯ್ದು ಬೆಂಕಿ ಹಚ್ಚಿದ್ದರು. ಹೊಸ ಚಿತ್ರಗಳನ್ನು ಮುಟ್ಟಿರಲಿಲ್ಲ. ಬೂದಿಯ ಪಕ್ಕ ಒಡೆದ ಹಸಿರು ಬಳೆ ಬಿದ್ದಿತ್ತು.

"ಇದು ನಿಮ್ಮ ಮೇಲಿನ ಸಿಟ್ಟಲ್ರಿ, ಆ ಬೆಕ್ಕಿನ ಮೇಲಿಂದು. ಏನೈತೆ ಅದರಾಗೆ?" ಬಕ್ಕೇಶಪ್ಪ ಕಲ್ಲೇಶಪ್ಪನನ್ನು ಕೇಳಿದರು.

"ಮುದಿ ಬೆಕ್ಕು ಹೆಂಗಸಿನ ರೂಪ ತಗಂಡು ಮನೆ ಸೇರ್ತೈತ್ರಿ. ರಾತ್ರಿ ದೀಪದ ಎಣ್ಣೆ ನೆಕ್ತೈತೆ. ಜಪಾನಿನೋರ ಕತೆ. ಹಿಂದೆ ಹರಿಹರದಾಗ ಭಾರಿ ಓಡಿತ್ತಂತೆ. ಆಗ ಪರದೆ ಪಕ್ಕ ನಿಂತು ಕತೆ ಹೇಳ್ತಿದ್ದ ಮಾಲತೇಶಪ್ಪ ಇನ್ನೂ ಅಲ್ಲೇ ಅದಾನ."

ಮಂಗಳವಾರ ಬೆಳಿಗ್ಗೆ ಹರಿಹರದಲ್ಲಿ ಮಾಲತೇಶಪ್ಪ ಜಗಲಿಯ ಮೇಲೆ ಎಲೆಅಡಿಕೆ ಮೆಲ್ಲುತ್ತಿದ್ದ. ಪೊಲೀಸರು ಹಳೆಯ ಚಿತ್ರದ ಮಾತೆತ್ತಿದ್ದೇ ತಡ, ಮುದುಕ ಹಿಗ್ಗಿಹೋದ.

"ಜಪಾನಿನ ದೆವ್ವಕ್ಕೆ ನಮ್ಮ ಜನ ಯಾಕ ಹೆದರ್ತಾರ್ರಿ? ಅದಕ್ಕೇ ಇದು ಹೊಳೆದಂಡೆ ಓಣಿಯ ಹೊಸ ಸೊಸೆ ಕತೆ ಅಂದೆ. ಜನ ಗಡಗಡ ನಡುಗಿದ್ರು!"

"ಆ ಓಣ್ಯಾಗ ಹೊಸ ಸೊಸೆ ಯಾರಾದ್ರೂ ಇದ್ರಾ?"

ಮುದುಕ ಬಾಯಿಯ ಎಲೆಅಡಿಕೆ ಉಗಿದ. "ಹಂಪವ್ವ ಅಂತ ಒಬ್ಬಾಕಿ ಇದ್ಲು."

ಅವನು ತೋರಿಸಿದ ಮನೆಯಲ್ಲಿ ಸಿಕ್ಕ ಹಂಪವ್ವನ ಬಲಗೈಗೆ ಬಟ್ಟೆ ಸುತ್ತಿತ್ತು, ಎಡಗೈಯಲ್ಲಿ ಹಸಿರು ಬಳೆಗಳಿದ್ದವು. ಮಗಳು ಕೊಟ್ರವ್ವ ಹೊಸ್ತಿಲು ಸಾರಿಸುತ್ತಿದ್ದಳು.

"ಕೈಗೆ ಏನಾತವ್ವ?"

"ಸುಟ್ಕಂಡೆ. ಆ ಪಿಚ್ಚರ್ ಸುಟ್ಟಾಕಿದಾಕಿ ನಾನೇ, ಸಾಹೇಬ್ರೆ."

"ಯಾಕ?"

"ಇವಳ್ನ ಬಸುರಿದ್ದಾಗ ತುಟಿ ಒಡೆದಿದ್ವು. ದೀಪದಾಗ ಬೆರಳದ್ದಿ ಎಣ್ಣೆ ಹಚ್ಕಂಡೆ. ಅತ್ತೆ ಕಂಡ್ಲು, ಅವತ್ತೇ ಆ ಪಿಚ್ಚರ್ ನೋಡಿ ಬಂದಿದ್ಲು. ಬೆಳಗಾಗೋದ್ರಾಗ ನನ್ನ ಹೊರಗೆ ಹಾಕಿದ್ರು. ಬೆಕ್ಕಿನ ಮಗಳು ಅಂತ ಇವಳ್ನೂ ಯಾರೂ ಕೇಳಲಿಲ್ಲ. ಈಗೀಗ ಜನ ಮರೆತಿದ್ರು. ನಾಳೆ ಹದಡಿಯಿಂದ ಹೆಣ್ಣು ನೋಡಾಕ ಬರ್ತಾರ. ನಾಳೇನೇ ಆ ಪಿಚ್ಚರ್ ಐತಂತ ಡಂಗುರ ಹೊಡೆದ್ರು. ಅದು ಬಂದ್ರೆ ನಾ ಏನ್ ಮಾಡ್ಲಿ?"

ಬಕ್ಕೇಶಪ್ಪನವರಿಗೆ ದಸ್ತಗಿರಿ ಮಾಡದೆ ವಿಧಿಯಿರಲಿಲ್ಲ. ಗುತ್ತೆಪ್ಪ ಬೇಡಿ ತೆಗೆದಾಗ ಬೇಡವೆಂದು ತಲೆಯಾಡಿಸಿದರು.

ಅಷ್ಟರಲ್ಲಿ ಓಣಿಯ ಜನವೆಲ್ಲ ನೆರೆದಿತ್ತು. ಹಂಪವ್ವ ಸೆರಗು ಹೊದ್ದು ಜೀಪು ಹತ್ತುವಾಗ ಗುಂಪಿನಲ್ಲಿ ಒಬ್ಬ ಮೆಲ್ಲಗೆ 'ಮಿಯಾಂವ್' ಎಂದ. ಬಕ್ಕೇಶಪ್ಪ ಸಿಟ್ಟಿನಿಂದ ತಿರುಗಿದರು. ಅವನು ಹಂಪವ್ವನ ಕಡೆ ನೋಡುತ್ತಿರಲಿಲ್ಲ, ಹೊಸ್ತಿಲಲ್ಲಿ ನಿಂತಿದ್ದ ಕೊಟ್ರವ್ವನನ್ನು ನೋಡುತ್ತಿದ್ದ.