ಗಾರೆ ಕಾಯುವುದಿಲ್ಲ

ಟಣ್, ಟಣ್, ಟಣ್.

ಮೂರು ಸಲ. ಸ್ವಲ್ಪ ಹೊತ್ತು ಮೌನ. ಮತ್ತೆ ಮೂರು ಸಲ.

ಪಿಯೆರಾ ಹಾಸಿಗೆಯಲ್ಲಿ ಮಗ್ಗುಲು ಬದಲಿಸಿದಳು. ಕೊರ್ಟೋನಾ ಊರೆಲ್ಲ ಮಲಗಿದ್ದ ಹೊತ್ತು. ಓಣಿಯಾಚೆಯ ಇಗರ್ಜಿಯಿಂದ ಆ ಸದ್ದು ಬರುತ್ತಿತ್ತು. ತೊಳೆದ ಕುಂಚವನ್ನು ನೀರಿನ ಗಡಿಗೆಯ ಅಂಚಿಗೆ ಬಡಿಯುವ ಸದ್ದು. ಅದು ಅವಳ ಅಪ್ಪನ ಅಭ್ಯಾಸ. ಹಬ್ಬಕ್ಕೆ ಬಿಷಪ್ಪರು ಬರುವುದರೊಳಗೆ ಗೋಡೆಯ ಚಿತ್ರ ಮುಗಿಯಬೇಕೆಂದು ಅವನು ದೀಪದ ಬೆಳಕಿನಲ್ಲೂ ದುಡಿಯುತ್ತಿದ್ದ. ಅಪ್ಪ ಇನ್ನೂ ಎದ್ದಿದ್ದಾನೆ ಎಂದುಕೊಂಡು ಅವಳು ನೆಮ್ಮದಿಯಿಂದ ಕಣ್ಣು ಮುಚ್ಚಿದಳು.

ಬೆಳಗ್ಗೆ ಮೇಣದಬತ್ತಿ ಹಚ್ಚಲು ಹೋದ ಸನ್ಯಾಸಿನಿ ಕಿರುಚಿದಳು.

ಪಿಯೆರಾಳ ಅಪ್ಪ ಓರ್ಸೊ, ಚಿತ್ರ ಬರೆಯಲು ಕಟ್ಟಿದ್ದ ಅಟ್ಟಣಿಗೆಯ ಕೆಳಗೆ ಅಂಗಾತ ಬಿದ್ದಿದ್ದ. ಮೂರು ಪಟ್ಟಣಗಳ ದೊರೆಗಳು ಕಾದು ಕೂತು ಚಿತ್ರ ಬರೆಸಿಕೊಳ್ಳುತ್ತಿದ್ದ ಓರ್ಸೊ! ಸೊಂಟ ಮುರಿದಿತ್ತು. ಮೈ ಮರಗಟ್ಟಿತ್ತು. ಮೇಲೆ ಗೋಡೆಯಲ್ಲಿ ಸಂತ ಮಾರ್ಗರೀಟಾಳ ಮುಖ ಪೂರ್ತಿಯಾಗಿತ್ತು. ಓಡಿ ಬಂದವರು ಹೆಣವನ್ನು ಮರೆತು ಆ ಮುಖವನ್ನೇ ನೋಡುತ್ತ ಶಿಲುಬೆಯ ಗುರುತು ಹಾಕಿಕೊಂಡರು. ಅಂಥ ಮುಖವನ್ನು ಓರ್ಸೊ ಕೂಡ ಹಿಂದೆಂದೂ ಬರೆದಿರಲಿಲ್ಲ.

ಪಿಯೆರಾಳ ಅಣ್ಣ ನೋಫ್ರಿ ಕಂಬಕ್ಕೆ ಒರಗಿ ನಿಂತಿದ್ದ. ಹಿಂದಿನ ಸಂಜೆ ಮೈ ಬಿಸಿಯಾಗಿದೆಯೆಂದು ಬೇಗ ಮನೆಗೆ ಬಂದು ಮಲಗಿದೆ ಎಂದ. ಅಪ್ಪನ ಬಳಿಯೇ ಕಲಿತವನು. ಅವನು ಬರೆದ ಮುಖಗಳನ್ನು ಅಪ್ಪ ಎಲ್ಲರೆದುರು ಕೆರೆದು ಹಾಕುತ್ತಿದ್ದ. 'ನಿನ್ನ ಕೈ ದನದ ಕೊಟ್ಟಿಗೆಗೆ ಸುಣ್ಣ ಹೊಡೆಯೋಕೆ ಸರಿ' ಎನ್ನುತ್ತಿದ್ದ.

ಹೆಣವನ್ನು ತೊಳೆದವಳು ಪಿಯೆರಾ. ತಾಯಿ ಮೊನ್ನಾ ತೆಸ್ಸಾ ನೀರು ಹೊಯ್ಯುತ್ತಲೇ ಕುಸಿದು ಬಿದ್ದಳು. ಉಗುರ ಸಂದಿಯ ಹಸಿರನ್ನು, ಗಡ್ಡಕ್ಕೆ ಮೆತ್ತಿದ್ದ ಗುಲಾಬಿಯನ್ನು ಪಿಯೆರಾ ಬಿಸಿನೀರಿನ ಬಟ್ಟೆಯಿಂದ ಉಜ್ಜಿ ತೆಗೆದಳು. ಬಣ್ಣಗಾರನ ಮೈಮೇಲೆ ಬಣ್ಣ. ಅದರಲ್ಲಿ ನೋಡುವುದೇನಿದೆ?

ಅಟ್ಟಣಿಗೆಯ ಒಂದು ತುದಿಯ ಹಗ್ಗ ಬಿಚ್ಚಿಕೊಂಡಿತ್ತು. ಆ ಹಗ್ಗ ಕಟ್ಟುವವನು ಲಾಪೊ. ಗಾರೆ ಕಲಸುವವನು, ಬಣ್ಣ ಅರೆಯುವವನು, ಪರವೂರಿನವನು. ಪಿಯೆರಾಳನ್ನು ಮದುವೆಯಾಗುತ್ತೇನೆಂದು ಕೇಳಿ ಓರ್ಸೊನಿಂದ ಬೈಸಿಕೊಂಡವನು. ನಡುರಾತ್ರಿ ಇಗರ್ಜಿಯ ಓಣಿಯಲ್ಲಿ ಅವನು ಸುಳಿದದ್ದನ್ನು ಕಾವಲುಗಾರ ನೋಡಿದ್ದ. ಅವನು ಬಂದದ್ದು ಪಿಯೆರಾಳ ಕಿಟಕಿಯ ಕೆಳಗೆ ನಿಲ್ಲಲು. ಅದನ್ನು ಯಾರು ನಂಬುತ್ತಾರೆ?

'ಆ ಹೊತ್ತಿಗೆ ನಿಮ್ಮಪ್ಪ ಬದುಕಿದ್ದನೇ?' ಎಂದು ತನಿಖೆಯ ಅಧಿಕಾರಿ ಕೇಳಿದಾಗ ಅವಳು ಯೋಚಿಸದೆ ಹೇಳಿಬಿಟ್ಟಿದ್ದಳು: 'ಹೂಂ, ಕುಂಚದ ಸದ್ದು ಕೇಳಿಸ್ತು.'

ಆ ಒಂದು ಮಾತು ಲಾಪೊನ ಕೊರಳಿಗೆ ಉರುಳಾಯಿತು. ಸೆರೆಮನೆಯಲ್ಲಿ ಅವನ ಕೈಗಳನ್ನು ಬೆನ್ನ ಹಿಂದೆ ಕಟ್ಟಿ, ಹಗ್ಗದಿಂದ ಮೇಲೆತ್ತಿ ಕೆಳಗೆ ಬಿಟ್ಟಿದ್ದರು. ನಾಳೆ ಮತ್ತೆ ಎತ್ತುತ್ತಾರೆ. ನಾಳೆ ಒಪ್ಪಿಕೊಳ್ಳುತ್ತಾನೆ. ಆ ಹಗ್ಗದಲ್ಲಿ ಒಪ್ಪಿಕೊಳ್ಳದವರು ಯಾರೂ ಇರಲಿಲ್ಲ.

ಮಧ್ಯಾಹ್ನ ಪಿಯೆರಾ ಇಗರ್ಜಿಗೆ ಓಡಿದಳು. ಅಧಿಕಾರಿ ಸೆರ್ ಬಿಂಡೊ ಗೋಡೆಯೆದುರು ಕೂತಿದ್ದ. ಗಲ್ಲಕ್ಕೆ ಬಟ್ಟೆ ಸುತ್ತಿತ್ತು. ದವಡೆಯಲ್ಲಿ ಲವಂಗ.

"ಮತ್ತೆ ಬಂದೆಯಾ? ನನ್ನ ಹಲ್ಲುನೋವಾದರೂ ಆಗಾಗ ಬಿಡುವು ಕೊಡುತ್ತೆ. ನೀನು ಕೊಡಲ್ವಲ್ಲ ತಾಯಿ!"

"ಲಾಪೊ ಕೊಂದಿಲ್ಲ ಸ್ವಾಮಿ."

"ಸಂಜೆ ಘಂಟೆಯಿಂದ ನಡುರಾತ್ರಿ ತನಕ ಅವನು ಸುಣ್ಣದ ಭಟ್ಟಿಯಲ್ಲಿದ್ದ. ಅಲ್ಲಿನವರೆಲ್ಲ ನೋಡಿದ್ದಾರೆ. ನಿಮ್ಮಪ್ಪ ಸಂಜೆಗೇ ಸತ್ತಿದ್ರೆ ಈಗಲೇ ಬಿಟ್ಟುಬಿಡ್ತಿದ್ದೆ. ಆದ್ರೆ ರಾತ್ರಿ ಬದುಕಿದ್ದ ಅಂದವರು ಯಾರು?"

"ನಾನು. ಆ ಮಾತನ್ನ ವಾಪಸ್ ತಗೋತೀನಿ."

"ಮಾತೇನು ಸಂತೇಲಿ ಕೊಂಡ ಕೋಳೀನಾ, ವಾಪಸ್ ಕೊಡೋಕೆ?"

ಅವಳು ನೆಲದ ಮೇಲೆ ಕೂತುಬಿಟ್ಟಳು. ಅಳು ಬರಲಿಲ್ಲ. ಸೆರ್ ಬಿಂಡೊ ಅವಳತ್ತ ಬಾಗಿದ. ದನಿ ತಗ್ಗಿಸಿದ.

"ಹೆಣ ತೊಳೆದವಳು ನೀನೇ ಅಲ್ವಾ? ಕೈ ಹೇಗಿತ್ತು? ಹಗ್ಗ ಹಿಡಿದ ಗಾಯ? ಹೊಡೆದಾಡಿದ ಗುರುತು?"

"ಗಾಯ ಇರ್ಲಿಲ್ಲ. ಬಣ್ಣ ಇತ್ತು ಅಷ್ಟೇ. ಉಗುರ ಸಂದೀಲೆಲ್ಲ ಹಸಿರು."

"ಹಸಿರಾ?" ಅವನು ಗೋಡೆಯತ್ತ ತಿರುಗಿದ. "ಈ ಮುಖದಲ್ಲಿ ಹಸಿರೆಲ್ಲಿದೆ?"

"ಅಡೀಲಿದೆ ಸ್ವಾಮಿ. ಮೊದಲು ಹಸಿರು ಮಣ್ಣಿನ ಬಣ್ಣ ಬಳೀತಾರೆ. ಅದರ ಮೇಲೆ ಗುಲಾಬಿ. ಹಾಗೆ ಮಾಡಿದ್ರೇನೇ ಚರ್ಮಕ್ಕೆ ಜೀವ ಬರೋದು. ಅಪ್ಪ ಕುಂಚ ಬಿಟ್ಟು ಬೆರಳಲ್ಲೇ ತೀಡ್ತಿದ್ದ..."

ಅವಳು ತನ್ನ ಬೆರಳುಗಳನ್ನು ನೋಡಿಕೊಂಡಳು.

"ನಿಲ್ಲಿಸಬೇಡ. ಗುಲಾಬೀನೂ ಬೆರಳಲ್ಲೇ?"

"ಬೆರಳಲ್ಲೇ. ಮುಖ ಮುಗಿಸಿ ಬಂದ ದಿನ ಕೈಯೆಲ್ಲ ಗುಲಾಬಿ."

"ಆವತ್ತು ಕೈಯಲ್ಲಿ ಗುಲಾಬಿ?"

"ಇರ್ಲಿಲ್ಲ. ಬರೀ ಹಸಿರು."

ಸೆರ್ ಬಿಂಡೊ ಬಾಯಿಂದ ಲವಂಗ ತೆಗೆದು ಎಸೆದ. "ಹಸಿರು ಬಳಿಯೋದು ಯಾವಾಗ?"

"ಗಾರೆ ಮೆತ್ತಿದ ಕೂಡಲೇ. ಆವತ್ತು ಲಾಪೊ ಗಾರೆ ಮೆತ್ತಿ ಭಟ್ಟಿಗೆ ಹೋಗಿದ್ದು ಸಂಜೆ ಘಂಟೆಗೆ."

"ಹಸಿರು ಬಳಿದು, ಊಟ ಮಾಡಿ, ಮಲಗಿ ಎದ್ದು, ಬೆಳಗ್ಗೆ ಗುಲಾಬಿ ಬಳಿಯಬಹುದಲ್ಲ?"

"ಆಗಲ್ಲ! ಗಾರೆ ಒದ್ದೆ ಇದ್ರೆ ಮಾತ್ರ ಬಣ್ಣ ಹೀರೋದು. ಅರ್ಧಕ್ಕೆ ಬಿಟ್ರೆ ಬೆಳಗ್ಗೆ ಪೂರಾ ಕೆರೆದು ಹಾಕಬೇಕು. ಯಾರು ಸತ್ರೂ ಯಾರು ಕೆಟ್ರೂ ಗಾರೆ ಕಾಯಲ್ಲ ಅಂತ ಅಪ್ಪ ಯಾವಾಗಲೂ..." ಅವಳು ಎದ್ದು ನಿಂತಳು. "ಅಂದ್ರೆ ಅಪ್ಪ ಗುಲಾಬಿ ಮುಟ್ಟೇ ಇಲ್ಲ! ಹಸಿರು ಬಳೀತಿದ್ದಾಗಲೇ ಬಿದ್ದಿದ್ದಾನೆ! ಸಂಜೆಗೇ! ಆಗ ಲಾಪೊ ಭಟ್ಟೀಲಿದ್ದ!"

"ಇದ್ದ," ಎಂದ ಸೆರ್ ಬಿಂಡೊ. "ಹಾಗಾದರೆ ರಾತ್ರಿ ನಿನಗೆ ಕೇಳಿಸಿದ ಕುಂಚ ಯಾರದ್ದು?"

ಅವಳ ಮುಖದ ಬೆಳಕು ಅಲ್ಲೇ ಆರಿತು.

"ಲಾಪೊಗೆ ಮುಖ ಬರೆಯೋಕೆ ಬರುತ್ತಾ?"

"ಕಿವಿ ಬರೆಯೋಕೂ ಬರಲ್ಲ."

"ಹಾಗೆ ಮೂರು ಸಲ ಬಡಿಯೋದು ನಿಮ್ಮಪ್ಪನ ಅಭ್ಯಾಸ. ಅಪ್ಪನ ಅಭ್ಯಾಸ ಇನ್ಯಾರ ಕೈಗೆ ಬಂದಿದೆ ಮಗಳೇ?"

ಅವಳ ಕಣ್ಣು ಅಂದು ನೋಫ್ರಿ ಒರಗಿ ನಿಂತಿದ್ದ ಕಂಬದತ್ತ ಹೋಯಿತು. ಸೆರ್ ಬಿಂಡೊ ಆಳನ್ನು ಕಳಿಸಿ ನೋಫ್ರಿಯನ್ನು ಕರೆಸಿದ.

ನೋಫ್ರಿ ಬಂದ. ಮೊದಲು ನೋಡಿದ್ದು ಗೋಡೆಯನ್ನು. ಆಮೇಲೆ ತಂಗಿಯನ್ನು.

"ಎಲ್ಲರೂ ಈ ಮುಖ ನೋಡಿದರು," ಎಂದ ಸೆರ್ ಬಿಂಡೊ. "ನಾನೂ ನೋಡಿದೆ. ಸತ್ತವನ ಬೆರಳನ್ನು ಯಾರೂ ನೋಡಲಿಲ್ಲ. ಹಸಿರಿಗೆ ನಿಂತ ಕೈಗೆ ಗುಲಾಬಿ ಮುಖ ಮುಗಿಸೋಕೆ ಆಗಲ್ಲ. ಬೇರೆ ಯಾರಾದರೂ ಆಗಿದ್ದರೆ ಓಡಿಹೋಗ್ತಿದ್ದ. ಇಲ್ಲಿದ್ದವನು ಓಡಲಿಲ್ಲ, ಕೂತು ಕೆಲಸ ಮುಗಿಸಿದ. ಅಂಥವನು ಚಿತ್ರಗಾರನೇ ಇರಬೇಕು. ಅದು ನೀನೇ, ನೋಫ್ರಿ."

ನೋಫ್ರಿ ನಿಧಾನವಾಗಿ ಮೆಟ್ಟಿಲ ಮೇಲೆ ಕೂತ.

"ನಾನು ತಳ್ಳಲಿಲ್ಲ. ಗಂಟು ಜಾರಿತು. ಅಪ್ಪ ಬಿದ್ದ."

"ಸತ್ತನಾ?"

"ಇಲ್ಲ. ಉಸಿರಿತ್ತು. ನಾನು ಇಳಿಯೋಕೆ ಹೋದೆ. ಕೆಳಗಿಂದ ಕೂಗಿದ — 'ಇಳೀಬೇಡ ಕತ್ತೆ! ಮೊದಲು ಮುಖ ಮುಗಿಸು. ಗಾರೆ ಕಾಯಲ್ಲ.'"

ಪಿಯೆರಾಳಿಗೆ ಅಪ್ಪನ ದನಿಯೇ ಕೇಳಿದಂತಾಯಿತು. ಅವನು ಹಾಗೆ ಹೇಳುವವನೇ. ಖಂಡಿತ ಹೇಳುವವನೇ.

"ನೀನು ಮುಗಿಸಿದೆ."

"ಮುಗಿಸಿದೆ. ಇಳಿದಾಗ ಸತ್ತಿದ್ದ. ಹೆದರಿಕೆ ಆಯ್ತು. ಮುಟ್ಟಲೂ ಇಲ್ಲ, ಮನೆಗೆ ಓಡಿದೆ."

"ನಡುವೆ ಒಮ್ಮೆಯೂ ಇಳೀಲಿಲ್ವಾ? ಒಂದು ಗುಟುಕು ನೀರು ಕೊಡೋಕಾದ್ರೂ?"

"ಒಮ್ಮೆಯೂ ಇಲ್ಲ."

"ಲಾಪೊನ ತೋಳು ಕಿತ್ತು ಬಂದಿದೆ ಅಣ್ಣಾ," ಎಂದಳು ಪಿಯೆರಾ. "ಆಗಲೂ ಬಾಯಿ ಬಿಡಲಿಲ್ಲ ನೀನು."

"ಬಿಟ್ಟಿದ್ರೆ ಇದು ಓರ್ಸೊ ಬರೆದದ್ದಲ್ಲ ಅಂತ ಕೆರೆದು ಹಾಕ್ತಿದ್ರು." ಅವನು ತಲೆಯೆತ್ತಿ ಗೋಡೆ ನೋಡಿದ. "ಒಂದೇ ಒಂದು ಮುಖ ಪಿಯೆರಾ. ನನ್ನ ಜೀವಮಾನದಲ್ಲಿ ಒಂದೇ."

ಸೆರ್ ಬಿಂಡೊ ಗಲ್ಲ ಒತ್ತಿಕೊಂಡ. ಆಮೇಲೆ ಹೇಳಿದ:

"ನಿಮ್ಮಪ್ಪನ ಸಾವಿಗೆ ಕಾರಣ ನೀನೇ. ಆದ್ರೆ ಸಾಯೋವನ ಮಾತು ನಡೆಸಿದವನನ್ನು ಗಲ್ಲಿಗೆ ಹಾಕೋ ಕಾನೂನು ನನ್ನ ಹತ್ರ ಇಲ್ಲ. ಸಂಜೆ ಹೊತ್ತು ಗಂಟು ಜಾರಿ ಬಿದ್ದ ಅಂತ ಬರೀತೀನಿ. ಲಾಪೊ ಈವತ್ತೇ ಹೊರಗೆ ಬರ್ತಾನೆ." ಅವನು ಪಿಯೆರಾಳತ್ತ ತಿರುಗಿದ. "ಹೆಣದ ಮೇಲೆ ಇನ್ನೇನಾದ್ರೂ ಕಂಡಿತ್ತಾ? ಇದ್ದರೆ ಈಗಲೇ ಹೇಳು. ಅಪಘಾತ ಅಂದ್ರೆ ಇಲ್ಲಿಗೆ ಮುಗೀತು. ಕೊಲೆ ಅಂದ್ರೆ ಮತ್ತೆ ಮೊದಲಿಂದ. ಬಣ್ಣ ಮುಟ್ಟೋರೆಲ್ಲ ಹಗ್ಗಕ್ಕೆ. ಲಾಪೊನೂ."

ಆಗ ಅವಳಿಗೆ ಗಡ್ಡ ನೆನಪಾಯಿತು.

ಅಪ್ಪನ ಕೈಯಲ್ಲಿ ಗುಲಾಬಿ ಇರಲಿಲ್ಲ. ಗಡ್ಡದಲ್ಲಿತ್ತು. ಎಡಗೆನ್ನೆಯ ಮೇಲೆ ಸಾಲಾಗಿ ನಾಲ್ಕು ಗೀರು. ಬಲಗೆನ್ನೆಯ ಮೇಲೆ ಒಂದೇ ಒಂದು, ಅಗಲವಾದದ್ದು. ಅವಳ ಕೈ ತಾನಾಗಿ ಮೇಲೆದ್ದು ತನ್ನ ಬಾಯನ್ನು ಮುಚ್ಚಿತು. ಒಂದು ಕೆನ್ನೆಯ ಮೇಲೆ ನಾಲ್ಕು ಬೆರಳು. ಇನ್ನೊಂದರ ಮೇಲೆ ಹೆಬ್ಬೆರಳು.

ನೋಫ್ರಿ ನಡುವೆ ಇಳಿದಿದ್ದ. ಗುಲಾಬಿ ಹತ್ತಿದ ಕೈಯಲ್ಲೇ ಇಳಿದಿದ್ದ. ಓಣಿಗೆ ಕೂಗು ಕೇಳಿಸದಂತೆ ಆ ಬಾಯನ್ನು ಮುಚ್ಚಿ, ಸುಮ್ಮನಾಗುವ ತನಕ ಒತ್ತಿ ಹಿಡಿದು, ಮತ್ತೆ ಹತ್ತಿ, ಕುಂಚ ತೊಳೆದು ಬಡಿದಿದ್ದ. ಟಣ್, ಟಣ್, ಟಣ್. ಅದನ್ನು ಕೇಳುತ್ತಲೇ ಅವಳು ನೆಮ್ಮದಿಯಿಂದ ನಿದ್ದೆ ಹೋಗಿದ್ದಳು.

ನೋಫ್ರಿ ಅವಳ ಬಾಯ ಮೇಲಿದ್ದ ಕೈಯನ್ನೇ ನೋಡುತ್ತಿದ್ದ. ಅವನ ಕಣ್ಣು ರೆಪ್ಪೆ ಹೊಡೆಯಲಿಲ್ಲ.

"ಏನಮ್ಮ?" ಎಂದ ಸೆರ್ ಬಿಂಡೊ.

ಪಿಯೆರಾ ಕೈ ಇಳಿಸಿದಳು.

"ಬೇರೇನೂ ಇರ್ಲಿಲ್ಲ ಸ್ವಾಮಿ."

ಹೊತ್ತು ಇಳಿಯುವಾಗ ಲಾಪೊ ಸೆರೆಮನೆಯ ಬಾಗಿಲಿಗೆ ಬಂದ. ತೋಳುಗಳು ಎರಡೂ ಪಕ್ಕದಲ್ಲಿ ಜೋತಾಡುತ್ತಿದ್ದವು. ಅವಳು ತಂದ ರೊಟ್ಟಿಯನ್ನು ಅವಳೇ ಮುರಿದು ಅವನ ಬಾಯಿಗಿಟ್ಟಳು.

"ನಾನು ಕಟ್ಟಿದ ಗಂಟು ಜಾರಲ್ಲ ಪಿಯೆರಾ," ಎಂದ ಅವನು ಅಗಿಯುತ್ತ. "ನಿಂಗೂ ಗೊತ್ತು. ನಿಜ ಹೇಳು, ಏನಾಯ್ತು?"

ಇಗರ್ಜಿಯಲ್ಲಿ ಸಂಜೆಯ ಘಂಟೆ ಬಡಿಯಿತು. ಆ ಮುಖದೆದುರು ಮಂಡಿಯೂರಲು ಜನ ಓಣಿಯ ತುಂಬ ಹೋಗುತ್ತಿದ್ದರು. ಅವರ ನಡುವೆ ಅಮ್ಮ ನೋಫ್ರಿಯ ತೋಳು ಹಿಡಿದು ನಡೆಯುತ್ತಿದ್ದಳು. ನಿಜ ಹೇಳಿದರೆ ಲಾಪೊ ಸುಮ್ಮನಿರುವವನಲ್ಲ. ಬಾಯಿ ಬಿಟ್ಟರೆ ಆ ಹಗ್ಗ ಮತ್ತೆ ಅವನನ್ನೇ ಎಳೆಯುತ್ತದೆ. ಇವನಿಗೆ ಹೇಳಬಾರದು. ಅಮ್ಮನಿಗೂ ಇಲ್ಲ. ಪಾಪನಿವೇದನೆಯಲ್ಲಿ ಪಾದ್ರಿಗೂ ಇಲ್ಲ.

"ಈ ಸಲ ಜಾರಿತು," ಎಂದು ಅವಳು ಮತ್ತೊಂದು ತುಂಡು ರೊಟ್ಟಿ ಮುರಿದಳು.