ಗಿರಿಜಾಂಬಿಕಾ ಮೇಡಂ ತೆಂಗಿನ ಬುಡದ ಕಲ್ಲು

"ಕಲ್ಲಿಲ್ಲ!"

ಸೋಮವಾರ ಬೆಳಿಗ್ಗೆ ಶಾಲೆಯ ಅಂಗಳದಲ್ಲಿ ಗಿರಿಜಾಂಬಿಕಾ ಮೇಡಂ ಹಾಕಿದ ಕೂಗಿಗೆ ಹೊನ್ನವಳ್ಳಿ ಸುತ್ತಿನ ತೆಂಗಿನಕಾಯಿಗಳೆಲ್ಲ ಉದುರಿಬಿದ್ದವು. ಹತ್ತಿಪ್ಪತ್ತಂತೂ ಖಂಡಿತ.

ಆ ಶಾಲೆಯಲ್ಲೊಂದು ವಾಡಿಕೆ. ಹೊಸ ಮೇಷ್ಟರು ಕೆಲಸಕ್ಕೆ ಸೇರಿದ ದಿನವೇ ತೆಂಗಿನ ಸಸಿ ನೆಟ್ಟು, ಹೆಸರು, ತಾರೀಖು ಕೆತ್ತಿದ ಚಪ್ಪಡಿಯನ್ನು ಬುಡದಲ್ಲಿ ಅರ್ಧ ಹೂಳಬೇಕು. ಮೇಡಂ ಮತ್ತು ಗಂಗಾಧರಯ್ಯ ಮೇಷ್ಟರು 1989ರಲ್ಲಿ ಒಟ್ಟಿಗೆ ಆಯ್ಕೆಯಾದವರು. ಮೇಷ್ಟರು ಮೊದಲು ಸೇರಿದರು, ಮೇಡಂ ಒಂದು ವಾರ ತಡವಾಗಿ. ಈಗ, ಹನ್ನೆರಡು ವರ್ಷದ ಮೇಲೆ, ಹೆಡ್‌ಮೇಷ್ಟರ ಕುರ್ಚಿ ಖಾಲಿ. ಇಬ್ಬರಲ್ಲಿ ಸೀನಿಯರ್ ಯಾರೋ ಅವರಿಗೆ ಕುರ್ಚಿ. ಇಂಥ ಹೊತ್ತಲ್ಲಿ ಮೇಡಂ ಕಲ್ಲೇ ಮಾಯ!

"ಕುರ್ಚಿ ಹೊಟ್ಟೆಕಿಚ್ಚು, ಗಂಗಾಧರಯ್ಯಂದೇ ಕೆಲ್ಸ! ಪೊಲೀಸ್ನೋರಿಗೆ ಹೇಳಿ ಕಣ್ರೀ!" ಜನ ತೀರ್ಪು ಕೊಟ್ಟಾಗಿತ್ತು. ಕೇಸಾದರೆ ಮೇಷ್ಟರ ನೌಕರಿಗೇ ಸಂಚಕಾರ.

ಅಷ್ಟರಲ್ಲಿ ಬಂದರು ನಿವೃತ್ತ ಹೆಡ್‌ಮೇಷ್ಟರು ಸದಾಶಿವಯ್ಯ. ತುರುವೇಕೆರೆಯಲ್ಲಿ ಕಳ್ಳ ಸೀನಿದರೆ ಇಲ್ಲಿ ಕೂತು ಅವನ ಹೆಸರು ಹೇಳುವ ಆಸಾಮಿ!

"ಏನ್ ಮೇಷ್ಟ್ರೇ, ನೀವ್ ಕದ್ರಾ?"

"ನಾನ್ಯಾಕ್ ಸಾರ್ ಕದೀಲಿ? ಕಲ್ಲಿದ್ರೂ ಆಯಮ್ಮನೇ ಸೀನಿಯರ್, ಇಲ್ದಿದ್ರೂ ಆಯಮ್ಮನೇ!"

ಜನ ಬಾಯಿ ಬಿಟ್ಟರು. ಮೊದಲು ಸೇರಿದವನೇ ಜೂನಿಯರ್ರೇ?

"ಮೇಡಂ, ಇದು ನಿಮ್ಗೂ ಗೊತ್ತಾ?"

"ಗೊತ್ತು ಸಾರ್. ಆಯ್ಕೆ ಪಟ್ಟೀಲಿ ನನ್ನ ಹೆಸ್ರು ಮೇಲಿತ್ತು."

ಸದಾಶಿವಯ್ಯ ಕಲ್ಲು ಕಿತ್ತ ಗುಂಡಿಯೊಳಗೆ ಕೈ ತೂರಿಸಿದರು. ಮೀಸೆಯಡಿ ನಗು ಮೂಡಿತು. ಮೇಡಂ ಗಂಡ, ಕೊಬ್ಬರಿ ವ್ಯಾಪಾರದ ದಿನೇಶ್, ಪಕ್ಕದಲ್ಲೇ ಬೆವರುತ್ತಿದ್ದ.

"ದಿನೇಶಪ್ಪ, ನಿಂಗ್ಯಾರ ಮೇಲೆ ಅನುಮಾನ?"

"ಹೋಗ್ಲಿ ಬುಡಿ ಸಾರ್... ಒಂದು ಕಲ್ಲಿಗೆ ಪೊಲೀಸ್ ಯಾಕೆ?"

"ಯಾಕೂ ಬ್ಯಾಡ. ಕಳ್ಳ ಸಿಕ್ಕಿದ!" ಸದಾಶಿವಯ್ಯ ಎದ್ದು ನಿಂತರು. "ಎಲ್ರೂ ಕಲ್ಲಿಲ್ಲ ಅಂತ ನೋಡಿದ್ರಿ, ಗುಂಡೀಲಿ ಏನಿದೆ ಅಂತ ಯಾರಾದ್ರೂ ನೋಡಿದ್ರಾ? ಬೇರು ಒಣಗದಂಗೆ ಕಾಯಿ ಮಟ್ಟೆ ಜೋಡ್ಸಿ, ಮೇಲೆ ಕೆರೆ ಗೋಡು ಮಣ್ಣು ಹಾಕವ್ನೆ. ಹೊಟ್ಟೆಕಿಚ್ಚಿನ ಕಳ್ಳ ಮರಕ್ಕೆ ಆರೈಕೆ ಮಾಡ್ತಾನಾ? ಇವ್ನಿಗೆ ಮರ ಬೇಕು, ಕಲ್ಲಿನ ತಾರೀಖು ಮಾತ್ರ ಬ್ಯಾಡ. ಮೇಡಂ ತಡವಾಗಿ ಸೇರಿದ್ದು ಮುಚ್ಚೋಗ್ಲಿ ಅನ್ನೋ ಆಸೆ ಯಾರಿಗೆ? ಮೇಡಂ ಕಡೆಯೋರಿಗೆ! ಆದ್ರೆ ಒಂದೇ ಪಟ್ಟೀಲಿ ಆಯ್ಕೆಯಾಗಿ, ಕೊಟ್ಟ ಗಡುವಿನೊಳಗೆ ಸೇರಿದೋರಿಗೆ ಆ ಪಟ್ಟಿ ಕ್ರಮವೇ ಸೀನಿಯಾರಿಟಿ, ಸೇರಿದ ದಿನ ಅಲ್ಲ. ಇದು ಇಬ್ರು ಮೇಷ್ಟ್ರಿಗೂ ಗೊತ್ತು. ಮೇಡಂ ಮನೇಲಿ ಗೊತ್ತಿಲ್ದೋನು ಒಬ್ನೇ — ಏನಪ್ಪಾ ದಿನೇಶ?"

ದಿನೇಶ್ ಹೆಂಡತಿಯತ್ತ ತಿರುಗಿದ. "ನಂಗ್ ಹೇಳ್ಲೇ ಇಲ್ವಲ್ಲೇ!"

"ಹೇಳ್ದೆ! ನೀವ್ ಕೊಬ್ಬರಿ ರೇಟಲ್ಲಿ ಮುಳುಗಿದ್ರಿ. ಕಲ್ಲೆಲ್ಲಿ?"

"ಮನೆ ಹಿತ್ಲಲ್ಲಿ... ಮಕಾಡೆ."

"ಅಯ್ಯಯ್ಯೋ! ನಿನ್ನೆ ಒಗೆಯೋ ಕಲ್ಲು ಅಂತ ತಂದು ಹಾಕಿದ್ದು ಅದೇನಾ? ನಿಮ್ಮ ಪಂಚೆ ನನ್ನ ಹೆಸ್ರಿನ ಮೇಲೇ ಒಗೆಸಿದ್ರಾ?"

ಜನ ನಕ್ಕ ನಗು ಬೋರನಕಣಿವೆ ಜಲಾಶಯದ ನೀರಲ್ಲಿ ಅಲೆ ಎಬ್ಬಿಸಿತು. ನಕ್ಕು ನಕ್ಕು ಕಣ್ಣೊರೆಸಿಕೊಂಡ ಗಂಗಾಧರಯ್ಯ ಕೈಮುಗಿದರು. "ಹೆಡ್‌ಮೇಡಂ, ಮೊದಲ್ನೇ ಆರ್ಡರ್ ಹಾಕಿ. ಕಲ್ಲು ಇವ್ರೇ ಹೊತ್ಕಂಡು ಬರ್ಲಿ!"

ಆರ್ಡರ್ ಮೇಡಂ ಬಾಯಲ್ಲಿರುವಾಗಲೇ ಜಾರಿಯಾಯಿತು. ದಿನೇಶ್ ಆಗಲೇ ಹಿತ್ತಲ ಕಡೆ ಓಡುತ್ತಿದ್ದ.