ಸಾಕು ಅಂದಳೋ, ಹಾಕು ಅಂದಳೋ

ಆ ಸಂಶೋಧನಾ ಹಡಗು ಅಷ್ಟು ದೂರ ಬಂದದ್ದು ಒಂದು ಪೆಟ್ಟಿಗೆ ಕಸಕ್ಕಾಗಿ.

ಸಮುದ್ರದ ತಳದಲ್ಲಿ ಆಲೂಗಡ್ಡೆ ಗಾತ್ರದ ಕರಿ ಗಡ್ಡೆಗಳು ಹರಡಿಕೊಂಡಿರುತ್ತವೆ. ಅವುಗಳಿಂದ ತಾಮ್ರ, ನಿಕ್ಕಲ್, ಕೋಬಾಲ್ಟ್ ತೆಗೆಯಬಹುದು. ತೆಗೆದ ಮೇಲೆ ಉಳಿಯುವ ಕಪ್ಪು ಕೆಸರನ್ನು ಏನು ಮಾಡುವುದು? ಬಂದಲ್ಲಿಗೇ ವಾಪಸ್ ಸುರಿದರಾಯಿತು ಎಂದು ಕಾರ್ಖಾನೆಯವರು ತುದಿಗಾಲಲ್ಲಿ ನಿಂತಿದ್ದರು. ಪ್ರಯೋಗಶಾಲೆಯ ರಸಾಯನತಜ್ಞೆ ಒಪ್ಪಲಿಲ್ಲ. ಎರಡು ಖಾನೆಯ ಉಕ್ಕಿನ ಪೆಟ್ಟಿಗೆಯಲ್ಲಿ ತಳದ ಮಣ್ಣನ್ನೂ ಅದರ ಹುಳುಗಳನ್ನೂ ತುಂಬಿ, ಒಂದು ಖಾನೆಗೆ ಮಾತ್ರ ಆ ಕೆಸರು ಹರಡಿ, ಹೋದ ವರ್ಷ ನಾಲ್ಕು ಕಿಲೋಮೀಟರ್ ಆಳದಲ್ಲಿ ಇಟ್ಟು ಬಂದಿದ್ದಳು. ಹುಳುಗಳು ಬದುಕಿವೆಯೋ ಇಲ್ಲವೋ ಪೆಟ್ಟಿಗೆಯೇ ಹೇಳಬೇಕು. ಅದು ಸಿಗದಿದ್ದರೆ ಅವಳ ಬಾಯಿಗೆ ಬೀಗ ಬಿದ್ದಂತೆ.

ಹಡಗಿನವರೆಲ್ಲ ಅವಳನ್ನು ಕರೆಯುತ್ತಿದ್ದದ್ದು ಕೆಸರಮ್ಮ ಎಂದು. ಹೆಸರಿಟ್ಟವನು ಕೇಬಲ್ ಇಳಿಸಿ ಎತ್ತುವ ವಿಂಚ್ ಯಂತ್ರ ನಡೆಸುವವನು, ಅವಳ ಅಕ್ಕನ ಗಂಡ.

"ಬೇರೆಯವ್ರು ಸಮುದ್ರದಿಂದ ಮುತ್ತು ತರ್ತಾರೆ, ನಮ್ ಕೆಸರಮ್ಮ ಕೊಚ್ಚೆ ತರ್ತಾಳೆ" ಎಂದು ರೇಗಿಸುತ್ತಲೇ ಅವನು ಕೇಬಲ್ ಬಿಡತೊಡಗಿದ. ಕೇಬಲ್ಲಿನ ತುದಿಯಲ್ಲಿ ಕೊಕ್ಕೆ, ದೀಪ, ಕ್ಯಾಮೆರಾ.

ಕ್ಯಾಬಿನ್ನಿನ ಪರದೆಯ ಮೇಲೆ ಬಹಳ ಹೊತ್ತು ಬರೀ ಕತ್ತಲೆಯಿತ್ತು. ಆಮೇಲೆ ತಳ ಕಂಡಿತು. ಕಂದು ಮಣ್ಣಿನ ಬಯಲು, ಅದರ ತುಂಬ ಕರಿ ಗಡ್ಡೆಗಳು, ನಡುವೆ ಯಾವುದೋ ಬಿಳಿ ಪ್ರಾಣಿ ನಿಧಾನವಾಗಿ ತೆವಳಿಹೋದ ಗೆರೆ. ಗಾಳಿಯಿಲ್ಲ, ಅಲೆಯಿಲ್ಲ, ಅವಸರವೂ ಇಲ್ಲದ ಜಾಗ. ಅಲ್ಲೇ ಒಂದು ಬದಿಗೆ ಪೆಟ್ಟಿಗೆ ಕೂತಿತ್ತು.

ಕೊಕ್ಕೆ ಪೆಟ್ಟಿಗೆಯ ಹಿಡಿಯ ಹತ್ತಿರ ಬಂತು.

"ಸಾಕು ಭಾವ!" ಎಂದಳು ಕೆಸರಮ್ಮ, ಕ್ಯಾಬಿನ್ನಿನಿಂದ ವೈರ್‌ಲೆಸ್ಸಿನಲ್ಲಿ.

ಕೇಬಲ್ ಇಳಿಯುತ್ತಲೇ ಇತ್ತು.

"ಸಾಕು! ಸಾಕು!"

ಇನ್ನೂ ಜೋರಾಗಿ ಇಳಿಯಿತು. ಕೊಕ್ಕೆ ತಳಕ್ಕೆ ಬಡಿಯಿತು. ಮಣ್ಣೆದ್ದು ಪರದೆ ಮಂಕಾಯಿತು.

ಅವಳು ಡೆಕ್ಕಿಗೆ ಓಡಿದಳು. "ನಿಮ್ಗೇನು ಕಿವಿ ಕೇಳ್ಸಲ್ವಾ? ಸಾಕು ಅಂದ್ರೆ ಬಿಡ್ತಾನೇ ಇದೀರಲ್ಲ!"

"ಸಾಕಾ? ಅಯ್ಯೋ, ಹಾಕು ಅಂತ ಕೇಳಿಸ್ತು! ಭಾವನಿಗೇ ಹಾಕು ಅಂತಾಳಲ್ಲ, ಏನ್ ಸೊಕ್ಕು ಅಂತ ಸಿಟ್ಟಲ್ಲಿ ಇನ್ನಷ್ಟು ಬಿಟ್ಟೆ."

"ನಾನ್ಯಾವತ್ತು ನಿಮ್ಮನ್ನ ಏಕವಚನದಲ್ಲಿ ಮಾತಾಡ್ಸಿದೀನಿ?"

ಕ್ಯಾಪ್ಟನ್ ಬಂದಳು. ಅವಳಿಗೆ ಏಕವಚನ, ಬಹುವಚನದ ಪಂಚಾಯಿತಿಗೆ ಪುರುಸೊತ್ತಿರಲಿಲ್ಲ. "ಆಕಾಶ ನೋಡಿದ್ರಾ? ಬಿರುಗಾಳಿ ಬರ್ತಿದೆ. ಮಣ್ಣು ಇಳಿದ ಮೇಲೆ ಒಂದೇ ಒಂದು ಸಲ ನೋಡೋಣ. ಕೇಬಲ್ ಗಂಟು ಬಿದ್ದಿದ್ರೆ ಕತ್ತರಿಸಿ ಹೊರಡೋದೇ."

ಕೆಸರಮ್ಮನೇ ಒಂದು ಉಪಾಯ ಹೇಳಿದಳು. "ಪರದೆ ನೀವು ನೋಡಿ. ನಾನು ಬಾಗಿಲಲ್ಲಿ ನಿಂತು ಭಾವನಿಗೆ ಕೈ ತೋರಿಸ್ತೀನಿ. ಮಾತೇ ಬೇಡ."

ಮಣ್ಣು ಇಳಿಯಿತು. ಕೇಬಲ್ ಸುರುಳಿ ಸುರುಳಿಯಾಗಿ ಬಿದ್ದಿತ್ತು, ಗಂಟಾಗಿರಲಿಲ್ಲ.

ಕ್ಯಾಪ್ಟನ್ ಕೂಗಿದಂತೆ ಕೆಸರಮ್ಮನ ಬೆರಳು ಮೇಲಾಯಿತು. ಕೇಬಲ್ ಬಿಗಿಯಾಯಿತು. ಬೆರಳು ಕೆಳಗಾಯಿತು. ಸ್ವಲ್ಪ ಸಡಿಲ. ಹಡಗು ಓಲಾಡುತ್ತಿತ್ತು. ಅಂಗೈ ಬಿಚ್ಚಿದಳು. ವಿಂಚ್ ತಕ್ಷಣ ನಿಂತಿತು.

"ಸಿಕ್ತು!" ಎಂದಳು ಕ್ಯಾಪ್ಟನ್.

ಪೆಟ್ಟಿಗೆ ನೀರಿನಿಂದ ಮೇಲೇಳುವ ಹೊತ್ತಿಗೆ ಅಲೆ ಡೆಕ್ಕಿಗೇ ನುಗ್ಗುತ್ತಿತ್ತು. ಪೆಟ್ಟಿಗೆ ತೂಗಾಡಿ ಹಡಗಿನ ಪಕ್ಕೆಗೆ ಢಣ್ಣನೆ ಬಡಿಯಿತು. ಕೆಸರಮ್ಮ ಹಗ್ಗ ಎಸೆದು ಅದಕ್ಕೆ ಸಿಕ್ಕಿಸಿದಳು. ಕಾಲು ಜಾರಿತು. ಹಗ್ಗ ಅಂಗೈ ಸುಲಿಯಿತು. ಬಿಡಲಿಲ್ಲ. ಭಾವ ಅಲೆ ತಗ್ಗುವುದನ್ನೇ ಕಾದು ಪೆಟ್ಟಿಗೆಯನ್ನು ಡೆಕ್ಕಿಗೆ ಇಳಿಸಿದ.

ಒಳಗಿನ ತಣ್ಣನೆಯ ಕೋಣೆಯಲ್ಲಿ ಮುಚ್ಚಳ ತೆಗೆದರು. ಬರೀ ಮಣ್ಣಿದ್ದ ಖಾನೆಯಲ್ಲಿ ದಾರದೆಳೆಯಂಥ ಹುಳುಗಳು ಮಿಸುಕಾಡುತ್ತಿದ್ದವು. ಕೆಸರು ಹರಡಿದ ಖಾನೆಯನ್ನು ಅವಳು ತಳದವರೆಗೆ ಜಾಲಿಸಿದಳು. ಬರೀ ಖಾಲಿ ಬಿಲಗಳು. ಮತ್ತೊಮ್ಮೆ ಜಾಲಿಸಿದಳು. ಒಂದೂ ಬದುಕಿರಲಿಲ್ಲ.

ಹಡಗು ದಡದ ಕಡೆ ತಿರುಗಿತ್ತು. ವೈರ್‌ಲೆಸ್ಸಿನಲ್ಲಿ ಕಾರ್ಖಾನೆಯವರ ದನಿ ಗರಗರ ಎನ್ನುತ್ತಾ ಬಂತು. "ಹಲೋ, ಪೆಟ್ಟಿಗೆ ಸಿಕ್ತಂತೆ! ಕೆಸರು ಸಮುದ್ರಕ್ಕೆ ಹಾಕ್ಬಹುದಾ?"

ಅವಳು ಬಟ್ಟೆ ಸುತ್ತಿದ ಕೈಯಲ್ಲಿ ಮೈಕ್ ಎತ್ತಿಕೊಂಡಳು. ಭಾವ ಗಾಬರಿಯಿಂದ ಅಂಗೈ ಬಿಚ್ಚಿ ತೋರಿಸಿದ. "ತಾಯೀ, ಸಾಕು ಗೀಕು ಅಂದ್ಬಿಟ್ಟೀಯ!"

ಅವಳಿಗೆ ನಗು ಬಂತು, ಕಣ್ಣಲ್ಲಿ ನೀರೂ ಬಂತು.

"ಬೇಡ" ಎಂದಳು, ಅಕ್ಷರ ಅಕ್ಷರ ಬಿಡಿಸಿ. "ಬೇ, ಡ. ಕೇಳಿಸ್ತಾ?"

"ಕೇಳಿಸ್ತು" ಎಂದಿತು ಆ ಕಡೆಯ ದನಿ.